ಏಳನೆಯ ಡಬ್ಬಿ

ಮುಚ್ಚಳ ತೆಗೆದ ಕೂಡಲೇ ವಿನೆಗರ್ ವಾಸನೆ.
ಹಳೆಯ ಫಿಲ್ಮು ಸಾಯುವುದೇ ಹೀಗೆ,
ಕೆಟ್ಟ ಉಪ್ಪಿನಕಾಯಿಯಂತೆ ಹುಳಿ ಬಿಟ್ಟುಕೊಂಡು.
"ಕಿಟಕಿ ತೆಗೆಯಲಾ?" ಅಂದಳು ಸೆನಿಹಾ.
ಹೊರಗಿನ ಗಾಳಿಯೇನು ಇದಕ್ಕಿಂತ ವಾಸಿಯೇ, ಅಂದೆ.
ಝೆನಿತ್ಸಾದವರು ನಾವು. ಇಬ್ಬರೂ ನಕ್ಕೆವು.

ಎಪ್ಪತ್ತೇಳನೆಯ ಇಸವಿ, ಫೆಬ್ರವರಿ.
ಊರೆಲ್ಲ ಮರಗಟ್ಟಿದ್ದರೂ ಬೊಸ್ನಾ ನದಿ
ಕಾರ್ಖಾನೆಯ ಬಿಸಿನೀರು ಕುಡಿದು ಹಬೆಯಾಡುತ್ತಿತ್ತು.
ನನಗೆ ಇಪ್ಪತ್ತಮೂರು. ಕತ್ತಲ ಚೀಲದೊಳಗೆ ಕೈ ತೂರಿ
ಕಾಣದೆಯೇ ರೀಲು ತುಂಬುವುದು, ಟೇಪು ಹಿಡಿದು ದೂರ ಅಳೆಯುವುದು,
ಲೆನ್ಸಿನ ಮೇಲೆ ಕೂತ ಮಸಿಯನ್ನು
ಕುಂಚದಿಂದ ಕೊಡವುವುದು ನನ್ನ ಕೆಲಸ.
ನಿರ್ದೇಶಕ ದ್ರಾಗೊಮಿರ್‌ಗೆ ಬಿಳಿಯ ಹೆಲ್ಮೆಟ್ಟು,
ಕಂಕುಳಲ್ಲಿ ಸಚಿವಾಲಯ ಒಪ್ಪಿದ ಚಿತ್ರಕಥೆ.
ಅದರಲ್ಲಿ ಉಕ್ಕಿಗೆ ಹದಿನಾಲ್ಕು ಪುಟ,
ಮನುಷ್ಯರಿಗೆ ಒಂದು ಸಾಲು: ಹೆಮ್ಮೆಯ ಮುಖಗಳು.

ತೊಂದರೆ ಇದ್ದದ್ದು ಬೆಳಕಿನದು.
ಉಕ್ಕು ಕಾಣಬೇಕೆಂದರೆ ಲೆನ್ಸಿನ ಪಾಪೆ ಕಿರಿದಾಗಬೇಕು,
ಆಗ ಆಳುಗಳೆಲ್ಲ ಇದ್ದಿಲು.
ಮುಖ ಕಾಣಬೇಕೆಂದರೆ ಪಾಪೆ ಅರಳಬೇಕು,
ಆಗ ಉಕ್ಕಿದ್ದ ಕಡೆ ಸುಣ್ಣ ಎರಚಿದಂತೆ ಬರೀ ಬಿಳಿ.
ಎರಡನ್ನೂ ಒಟ್ಟಿಗೆ ಹಿಡಿಯುವ ಫಿಲ್ಮನ್ನು
ಯಾವ ದೇಶವೂ ಇನ್ನೂ ಮಾಡಿರಲಿಲ್ಲ.

ಒಂಬತ್ತು ರಾತ್ರಿ ಉಕ್ಕನ್ನೇ ಹಿಡಿದೆವು.
ಮಾರ್ಟಿನ್ ಕುಲುಮೆಯ ಬಾಯಿ ಒಡೆದರೆ
ಒಲೆಯ ಮೇಲೆ ಮರೆತ ಹಾಲಿನ ಹಾಗೆ
ಉಕ್ಕು ಉಕ್ಕಿ ಬರುತ್ತಿತ್ತು, ನೂರೈವತ್ತು ಟನ್ನು,
ಮೇಲೆ ಕೆನೆಯಂತೆ ಕಿಟ್ಟ.
ಹದಿನೈದು ಹೆಜ್ಜೆ ದೂರದಲ್ಲಿ ಕ್ಯಾಮೆರಾದ ಬಣ್ಣ ಗುಳ್ಳೆ ಎದ್ದಿತು.
ನನ್ನ ಹುಬ್ಬು ಸುರುಟಿತು. ಅಮ್ಮ ಬೈದಳು.

ಫೆಹಿಮ್ ಟೋಪಿಯ ಅಂಚಿನ ನೀಲಿ ಗಾಜು ಇಳಿಸಿ
ಒಳಗೆ ಇಣುಕಿ, ಮಾಪಕದ ಕಡೆ ತಿರುಗದೆ ಹೇಳುತ್ತಿದ್ದ:
"ಇನ್ನೂ ಇಪ್ಪತ್ತು ನಿಮಿಷ. ಅಷ್ಟರಲ್ಲಿ ಕಾಫಿ."
ಲ್ಯಾಬಿನವರು ನೋಡಿದರೆ ಇಪ್ಪತ್ತೊಂದು.
ಕಿವಿ ಹೋಗಿತ್ತು, ಎಲ್ಲರೊಡನೆ ಕೂಗಿಯೇ ಮಾತು.
ಒಮ್ಮೆ ನನ್ನೆದುರು ಕೂಗಿದ:
"ನಮ್ಮ ಹಿತ್ತಲ ಬಟ್ಟೆಹಗ್ಗ ತೆಗೆಯುತ್ತೀರಾ?
ಬೆಳಿಗ್ಗೆ ಹರವಿದ ದುಪ್ಪಟಿ ಮಧ್ಯಾಹ್ನಕ್ಕೆ ಇಟ್ಟಿಗೆ ಬಣ್ಣ.
ಹೆಂಡತಿ ಮತ್ತೆ ಒಗೆಯುತ್ತಾಳೆ. ಅದೂ ಉಕ್ಕಿನದೇ ಕತೆಯಲ್ಲವಾ?"
ದ್ರಾಗೊಮಿರ್ ಪುಟ ತಿರುವಿ ನೋಡಿದ.
ದುಪ್ಪಟಿ ಇರಲಿಲ್ಲ.

ಹತ್ತನೆಯ ರಾತ್ರಿ ಕ್ಯಾಮೆರಾದ ಯೋಸಿಪ್ ಜ್ವರ ಬಂದು ಮಲಗಿದ.
ಉಂಗುರ ನನ್ನ ಬೆರಳಿಗೆ ಬಂತು.
ನಾಲ್ಕು ಸ್ಟಾಪ್ ತೆರೆದೆ,
ಒಂದೊಂದೂ ಟಕ್ಕೆಂದು ಗದರಿತು.
ಧೈರ್ಯ ಅನ್ನಬೇಡಿ. ಇಷ್ಟು ದಿನದ ಇದ್ದಿಲಿಗೆ
ಮೂಗು ಇದೆಯೋ ಇಲ್ಲವೋ ನೋಡಬೇಕಿತ್ತು, ಅಷ್ಟೆ.

"ಹಾಳಾಗಿದೆ, ಕತ್ತರಿಸು," ಅಂದ ನಿರ್ದೇಶಕ.
ಕತ್ತರಿಸಿದೆ.
ಎಸೆಯಲಿಲ್ಲ.

ಸಿನಿಮಾ ಪದಕ ತಂತು.
ಉಕ್ಕಿನ ಅಭಿನಯ ಅಮೋಘ ಎಂದು ಯಾವನೋ ಬರೆದ.
ಆಮೇಲೆ ಯುದ್ಧ, ಆರಿದ ಕುಲುಮೆಗಳು,
ಸೆನಿಹಾಳ ಮನೆಯ ಜೊತೆ ಅವಳ ಆಲ್ಬಮ್ಮೂ ಹೋಯಿತು.
ಅಪ್ಪನದೊಂದು ಪಟ ಸಿಕ್ಕೀತೇ ಎಂದು ಈಗ ಬಂದಿದ್ದಾಳೆ.
ಪದಕದ ಸಿನಿಮಾ ಮೊದಲು ತೋರಿಸಿದೆ.
"ಆ ಮೂರನೆಯವ," ಅಂದಳು,
"ಸಲಿಕೆ ಎಡಗೈಲಿದೆ." ಸುಮ್ಮನಾದಳು.
ನೆರಳಿನ ತಲೆ ಸವರಲಾಗುತ್ತದೆಯೇ?

ಏಳನೆಯ ಡಬ್ಬಿಯದು ಕುಗ್ಗಿದೆ, ಹಲ್ಲಿಗೆ ಕೂರುವುದಿಲ್ಲ.
ಕೈಯಿಂದಲೇ ಎಳೆಯುತ್ತೇನೆ, ಹನ್ನೊಂದು ಸೆಕೆಂಡು.
ಹಿಂದೆ ನಮ್ಮ ಗಣರಾಜ್ಯದ ಉಕ್ಕೆಲ್ಲ ಒಂದು ಬಿಳಿಯ ತೂತು.
ಮುಂದೆ ಫೆಹಿಮ್:
ಮೂಗಿನ ಮೇಲೆ ಸಿಡುಬಿನ ಎರಡು ಕುಳಿ,
ಕ್ಷೌರ ಬಿಟ್ಟುಹೋದ ಗದ್ದದ ಚೂರು.
ಹೆಮ್ಮೆಯಿಲ್ಲ. ಆಕಳಿಸುತ್ತಿದ್ದಾನೆ,
ಕಡೆಯ ಹಲ್ಲು ಕಾಣುವಷ್ಟು ಬಾಯಿ ತೆರೆದು,
ಕುಲುಮೆಯ ಪಕ್ಕದಲ್ಲಿ ಇನ್ನೊಂದು ಕುಲುಮೆ.

ಸೆನಿಹಾಳಿಗೂ ಆಕಳಿಕೆ ಬಂತು.
ಅದೇ ಬಾಯಿ. ತಡೆಯಲಾರದೆ ನನಗೂ.
ಕಣ್ಣು ಒರೆಸಿಕೊಂಡು "ಇನ್ನೊಮ್ಮೆ," ಅಂದಳು.
ಹಿಂದಕ್ಕೆ ಎಳೆದೆ.
ಬಾಯಿ ಮೆಲ್ಲಗೆ ಮುಚ್ಚಿಕೊಂಡಿತು,
ಎಚ್ಚರಾದ ಅವನು ನೀಲಿ ಗಾಜಿನತ್ತ ಕೈ ಎತ್ತಿದ.